ನ್ಯಾಯಾಧೀಶೆ ಅತ್ತಿಗೆಯ ಜೊತೆ ನಿಲಾಯ್‌ಗೆ

ವಿಮಾನ ನಿಲ್ದಾಣ

ಕ್ವಾಲಾಲಂಪುರದಲ್ಲಿ ಇಳಿದ ಕೂಡಲೇ ನನ್ನ ಸಾರಿನ ಪುಡಿ ಸಿಕ್ಕಿಬಿದ್ದಿತು. ಬಂಗಾರಪೇಟೆಯ ಮನೆಯಲ್ಲಿ ಹುರಿದು, ಮಿಲ್ಲಿಗೆ ಕೊಟ್ಟು, ಸೋರಬಾರದೆಂದು ಕವರಿನ ಮೇಲೆ ಕವರು ಹಾಕಿ, ಹಳೇ ಸೀರೆಯ ತುಂಡಿನಲ್ಲಿ ಸುತ್ತಿ, ಪೆಟ್ಟಿಗೆಯ ತಳದಲ್ಲಿ ಇಟ್ಟುಕೊಂಡು ಬಂದಿದ್ದ ಪುಡಿ. ಅಷ್ಟು ಜೋಪಾನ ಮಾಡಿದ್ದೇ ತಪ್ಪಾಯಿತು. ಯಂತ್ರದ ಪರದೆಯಲ್ಲಿ ಅದು ಬಚ್ಚಿಟ್ಟ ಸಾಮಾನಿನ ಹಾಗೆ ಕಂಡಿರಬೇಕು. ತಲೆಗೆ ವಸ್ತ್ರ ಸುತ್ತಿಕೊಂಡಿದ್ದ ಕಸ್ಟಮ್ಸ್ ಹೆಣ್ಣುಮಗಳೊಬ್ಬಳು ನನ್ನನ್ನು ಪಕ್ಕಕ್ಕೆ ಕರೆದು ಪೆಟ್ಟಿಗೆ ತೆಗೆಸಿದಳು. ಗಂಟು ಬಿಚ್ಚಿ ಮೂಸಿದಳು, ಸೀನಿದಳು, ಇನ್ನೊಂದು ಸಲ ಸೀನಿದಳು. ಅವಳ ಜೊತೆಯವನು ನಗುತ್ತಿದ್ದ. ನನಗೆ ನಗು ಬರಲಿಲ್ಲ. ಅವಳ ಬೆನ್ನ ಹಿಂದಿನ ಗೋಡೆಯ ಮೇಲೆ, ಮಾದಕ ವಸ್ತು ತಂದವರಿಗೆ ಈ ದೇಶದಲ್ಲಿ ಏನಾಗುತ್ತದೆ ಎಂದು ದೊಡ್ಡ ಅಕ್ಷರದಲ್ಲಿ ಬರೆದಿತ್ತು. ನನ್ನ ಪುಡಿಯಲ್ಲಿ ಧನಿಯಾ, ಮೆಣಸು, ಜೀರಿಗೆಯಷ್ಟೇ ಇದೆ ಎಂದು ನನಗೇ ಗೊತ್ತಿದ್ದರೂ ಆ ಬರಹವನ್ನು ಇನ್ನೊಂದು ಸಲ ಓದಿದೆ.

ಹೊರಗೆ ಅತ್ತಿಗೆ ಕಾಯುತ್ತಿದ್ದರು. ಅಮುದಾ ಅತ್ತಿಗೆ ನನ್ನ ದೊಡ್ಡಣ್ಣನ ಹೆಂಡತಿ. ಇಲ್ಲಿಯದೇ ತಮಿಳು ಕುಟುಂಬದಲ್ಲಿ ಹುಟ್ಟಿದವರು, ವಕೀಲಿಕೆ ಓದಿ ನ್ಯಾಯಾಧೀಶರಾಗಿ ನಿವೃತ್ತರಾದವರು. ಎರಡು ವರ್ಷದ ಹಿಂದೆ ಅಣ್ಣ ತೀರಿಕೊಂಡಾಗ ನನಗೆ ಬರಲಾಗಿರಲಿಲ್ಲ. ಆಮೇಲೆ ಅವರ ಕಣ್ಣು ಕೆಡುತ್ತಾ ಬಂತು. ದೃಷ್ಟಿಯ ನಡುಭಾಗ ಮಸುಕು, ಅಂಚು ಮಾತ್ರ ಕಾಣುತ್ತದೆ. ಒಂದು ತಿಂಗಳು ಅಮ್ಮನ ಜೊತೆಗಿರಲು ಬನ್ನಿ ಅತ್ತೆ ಎಂದು ಅವರ ಮಗಳು ನಿತ್ಯಾ ಫೋನು ಮಾಡಿದ್ದಳು. ನಾನೋ, ಸ್ಕೂಲು ಟೀಚರ್ ಕೆಲಸದಿಂದ ನಿವೃತ್ತಳಾಗಿ ಮನೆಯಲ್ಲಿ ಕೂತವಳು. ಹೊರಟುಬಂದೆ.

ಕಾರಿನಲ್ಲಿ ಪುಡಿಯ ಕಥೆಯನ್ನು ತಮಾಷೆ ಮಾಡಿ ಹೇಳಿದೆ. ನಿತ್ಯಾ ಸ್ಟಿಯರಿಂಗ್ ಹಿಡಿದೇ ನಕ್ಕಳು. ಅತ್ತಿಗೆ ಮುಖ ನನ್ನ ಕಡೆ ಸ್ವಲ್ಪ ಓರೆಯಾಗಿ ತಿರುಗಿಸಿದರು. ಅಂಚಿನ ಕಣ್ಣಿನಲ್ಲಿ ನೋಡಲು ಅವರು ಹಾಗೆ ಮಾಡಬೇಕು.

"ಗಂಟು ನೀನೇ ಕಟ್ಟಿದ್ದಾ ಸುಮಿ, ಬೇರೆ ಯಾರಾದರೂ ಕಟ್ಟಿಕೊಟ್ಟಿದ್ದಾ?"

ನಾನೇ ಎಂದೆ.

"ಒಳ್ಳೆಯದು," ಎಂದರು. ಮುಖ ಮತ್ತೆ ರಸ್ತೆಯ ಕಡೆ ತಿರುಗಿಸಿಕೊಂಡರು.

ಬಾಂಗ್ಸಾರ್

ಅತ್ತಿಗೆಯ ಮನೆ ಇರುವುದು ಅನುಕೂಲಸ್ಥರ ಬಡಾವಣೆಯಲ್ಲಿ. ಬೀದಿಯ ತುದಿಯಲ್ಲಿ ಕಾಫಿ ಅಂಗಡಿಗಳ ಸಾಲು. ಅಲ್ಲಿ ಕೂತವರೆಲ್ಲ ಲ್ಯಾಪ್‌ಟಾಪ್ ತೆರೆದುಕೊಂಡು ಒಂದು ಲೋಟ ಕಾಫಿಯಲ್ಲಿ ಅರ್ಧ ದಿನ ಕಳೆಯುತ್ತಾರೆ. ನನಗೆ ಅದರಾಚೆಯ ಮಾಮಕ್ ಅಂಗಡಿ ಇಷ್ಟವಾಯಿತು. ತಮಿಳು ಮುಸ್ಲಿಮರು ನಡೆಸುವ, ಹಗಲುರಾತ್ರಿ ತೆರೆದಿರುವ ಹೋಟೆಲನ್ನು ಇಲ್ಲಿ ಹಾಗೆನ್ನುತ್ತಾರೆ. ಸಕ್ಕರೆಯಿಲ್ಲದ ಚಹಾ ಬೇಕಾದರೆ 'ಕೋಸೋಂಗ್' ಅನ್ನು ಎಂದು ನಿತ್ಯಾ ಹೇಳಿಕೊಟ್ಟಿದ್ದಳು. ನಾನು ಹೋಗಿ ಬರೀ ಕೋಸೋಂಗ್ ಎಂದೆ. ಹಾಗೆಂದರೆ ಖಾಲಿ ಎಂದಷ್ಟೇ ಅರ್ಥವಂತೆ. ಅವನು ಒಳಗೆ ಏನೂ ತುಂಬದ ರೊಟ್ಟಿಯೊಂದನ್ನು ತಂದಿಟ್ಟ. ತಿಂದೆ, ಚೆನ್ನಾಗಿತ್ತು.

ಅತ್ತಿಗೆ ಮಾತ್ರ ಅಂಗಡಿಯ ಒಳಗೆ ಬರಲಿಲ್ಲ. ನಾನು ಬೇಗ ತಿಂದು ಮುಗಿಸಲಿ ಎಂದು ಹೊರಗೆ ಕೊಡೆ ಹಿಡಿದು ನಿಂತಿದ್ದರು. ನ್ಯಾಯಾಧೀಶೆಯಾದ ಮೇಲೆ ಬಂದ ಅಭ್ಯಾಸವಂತೆ. ಎಲ್ಲಾದರೂ ಚಹಾ ಕುಡಿಯುತ್ತಿರುವಾಗ ಪರಿಚಯದ ವಕೀಲರು ಬಂದರೆ ಅರ್ಧ ಲೋಟ ಬಿಟ್ಟು ಎದ್ದುಹೋಗಬೇಕಾಗುತ್ತಿತ್ತು. ನಾಳೆ ಅದೇ ವಕೀಲ ಎದುರಿಗೆ ನಿಂತು ವಾದ ಮಾಡಬಹುದು. ಮದುವೆಮನೆಗಳಿಗೆ ಹೋದರೆ ಊಟಕ್ಕೆ ಕೂರುತ್ತಿರಲಿಲ್ಲ. ಕಾಲೇಜಿನ ಗೆಳತಿಯರು ಮೊದಮೊದಲು ಕರೆದರು, ಆಮೇಲೆ ಬಿಟ್ಟರು. ನಿವೃತ್ತಿಯಾದ ಮೇಲೆ ಯಾರ ಮನೆಗೆ ಬೇಕಾದರೂ ಹೋಗಬಹುದಾಗಿತ್ತು. ಅಷ್ಟು ಹೊತ್ತಿಗೆ ಹೋಗಲು ಯಾವ ಮನೆಯೂ ಉಳಿದಿರಲಿಲ್ಲ.

ಸಂಜೆಯಾದರೆ ಇಲ್ಲಿ ಗುಡುಗು ಕಟ್ಟಿಟ್ಟ ಬುತ್ತಿ. ಮಳೆ ಹೊಡೆಯುವಾಗ ಅತ್ತಿಗೆ ಹಿಂದಿನದನ್ನು ಹೇಳುತ್ತಿದ್ದರು. ಅಣ್ಣನಿಂದ ಕಲಿತ ಕನ್ನಡ ಅವರದು. ನಡುನಡುವೆ ತಮಿಳು ಬರುತ್ತದೆ, ಇಂಗ್ಲಿಷು ಬರುತ್ತದೆ. ನಾನು ವರ್ಷಗಟ್ಟಲೆ ಕೆಜಿಎಫ್‌ನಲ್ಲಿ ಪಾಠ ಮಾಡಿದವಳಾದ್ದರಿಂದ ನನಗೆ ತಮಿಳು ಕಷ್ಟವಲ್ಲ.

ಅವರು ಹುಟ್ಟಿದ್ದು ಪೆರಾಕ್ ರಾಜ್ಯದ ರಬ್ಬರ್ ತೋಟವೊಂದರಲ್ಲಿ, ಗುಮಾಸ್ತರ ಮಗಳಾಗಿ. ಓದಿನಲ್ಲಿ ಮುಂದಿದ್ದರು, ರಾಜಧಾನಿಯಲ್ಲಿ ಕಾನೂನು ಓದಿ ಮ್ಯಾಜಿಸ್ಟ್ರೇಟರಾದರು, ಆಮೇಲೆ ಸರ್ಕಾರಿ ವಕೀಲೆ. ಅಣ್ಣ ಆಗ ಇಲ್ಲಿಯ ಸರ್ಕಾರಿ ಆಸ್ಪತ್ರೆಗೆ ಡಾಕ್ಟರಾಗಿ ಬಂದಿದ್ದ. ಕೊಲೆ ಮೊಕದ್ದಮೆಯೊಂದರಲ್ಲಿ ಶವಪರೀಕ್ಷೆ ಮಾಡಿದ ಸಾಕ್ಷಿಯಾಗಿ ಅವನನ್ನು ಕಟಕಟೆಗೆ ಕರೆಸಿದವರು ಅತ್ತಿಗೆ. ಕೇಳಿದ್ದಕ್ಕಿಂತ ಹೆಚ್ಚು ಉತ್ತರ ಕೊಡಬೇಡಿ ಡಾಕ್ಟರ್ ಎಂದು ಗದರಿಸಿದ್ದರಂತೆ. ಮದುವೆಯಾಗಿದ್ದು ಹಾಗೆ. ಆಮೇಲೆ ಅವರು ಹೈಕೋರ್ಟ್ ನ್ಯಾಯಾಧೀಶೆಯಾದರು.

ನಮ್ಮಲ್ಲಿ ಹೈಕೋರ್ಟ್ ಎಂದರೆ ಹೆಚ್ಚಾಗಿ ಮೇಲ್ಮನವಿ ಕೇಳುವ ಜಾಗ. ಇಲ್ಲಿ ಕೊಲೆ, ಮಾದಕ ವಸ್ತು ಸಾಗಣೆಯಂಥ ಮೊಕದ್ದಮೆಗಳಲ್ಲಿ ಮೊದಲ ವಿಚಾರಣೆಯೇ ಹೈಕೋರ್ಟ್ ನ್ಯಾಯಾಧೀಶರ ಎದುರು. ಸಾಕ್ಷಿಗಳ ಮುಖ ನೋಡುವವರು ಅವರೇ, ತೀರ್ಪು ಓದುವವರೂ ಅವರೇ. ನ್ಯಾಯಾಂಗ ಒಕ್ಕೂಟ ಸರ್ಕಾರದ್ದು, ರಾಜ್ಯಗಳದ್ದಲ್ಲ. ಹಾಗಾಗಿ ದೇಶದ ಯಾವ ಮೂಲೆಗೂ ವರ್ಗ ಮಾಡುತ್ತಾರೆ. ಅತ್ತಿಗೆಯನ್ನು ಒಮ್ಮೆ ಉತ್ತರದ ಕೋಟಾ ಭಾರುವಿಗೆ ಹಾಕಿದರು, ಒಮ್ಮೆ ಸಮುದ್ರದಾಚೆಯ ಸಬಾಗೆ. ಅಣ್ಣ ಮಗಳನ್ನು ನೋಡಿಕೊಂಡು ಇಲ್ಲೇ ಇದ್ದ. ಬಲಗೈಯ ನಡುಬೆರಳನ್ನು ಅತ್ತಿಗೆ ನನ್ನ ಅಂಗೈ ಮೇಲಿಟ್ಟರು. ಮೊದಲ ಗೆಣ್ಣು ಒಂದು ಕಡೆಗೆ ವಾಲಿತ್ತು. ಧ್ವನಿಮುದ್ರಣ ಬರುವ ಮೊದಲು ಪ್ರತಿಯೊಂದು ಸಾಕ್ಷಿಯ ಮಾತನ್ನೂ ನ್ಯಾಯಾಧೀಶರೇ ಕೈಯಲ್ಲಿ ಬರೆದುಕೊಳ್ಳಬೇಕಿತ್ತಂತೆ. ಬರೆದು ಬರೆದು ಹಾಗಾದ ಬೆರಳು. ಮೇಲಿನ ಕೋರ್ಟಿಗೆ ಅವರಿಗೆ ಬಡ್ತಿ ಸಿಗಲಿಲ್ಲ. ಯಾಕೆಂದು ಯಾರೂ ಹೇಳಲಿಲ್ಲ, ಅವರು ಕೇಳಲೂ ಇಲ್ಲ.

ಅಣ್ಣ ಇದ್ದಾಗ ಶುಕ್ರವಾರ ರಾತ್ರಿ ಸಾರು ಮಾಡುತ್ತಿದ್ದನಂತೆ. ನಾನು ತಂದ ಪುಡಿಯಲ್ಲಿ ಮಾಡಿದ ಸಾರನ್ನು ಅತ್ತಿಗೆ ಉಂಡರು. ಚೆನ್ನಾಗಿದೆ ಎನ್ನಲಿಲ್ಲ, ಇನ್ನೊಂದು ಸೌಟು ಹಾಕು ಎಂದರು.

ಶಾ ಆಲಂ

ಒಂದು ಬೆಳಿಗ್ಗೆ ಅತ್ತಿಗೆ ಸೀರೆಯುಟ್ಟು ತಯಾರಾಗಿದ್ದರು. ಶಾ ಆಲಂಗೆ ಹೋಗೋಣ, ನಾನು ಕೆಲಸ ಮಾಡಿದ ಕೋರ್ಟು ತೋರಿಸ್ತೀನಿ ಎಂದರು. ಬೇರೆ ಊರುಗಳಿಗೆ ಹೋಗಿಬಂದರೂ ಅವರ ಸೇವೆಯ ಹೆಚ್ಚಿನ ವರ್ಷಗಳು ಕಳೆದದ್ದು ಅಲ್ಲಿ. ಟ್ಯಾಕ್ಸಿ ಮಾಡಿಕೊಂಡು ಹೋದೆವು.

ನಮ್ಮ ಕೋರ್ಟುಗಳ ಆವರಣದ ಗಜಿಬಿಜಿ ಅಲ್ಲಿಲ್ಲ. ಟೈಪ್ ಮಾಡುವವರಿಲ್ಲ, ಸ್ಟಾಂಪು ಮಾರುವವರಿಲ್ಲ, ಮರದ ಕೆಳಗೆ ಬುತ್ತಿ ಬಿಚ್ಚಿ ಕೂತ ಕಕ್ಷಿದಾರರಿಲ್ಲ. ಎಲ್ಲ ತಣ್ಣಗೆ, ಸಪ್ಪೆಯಾಗಿ, ಆಸ್ಪತ್ರೆಯ ಹಾಗೆ. ಬಾಗಿಲ ಬಳಿಯ ಕಾವಲುಗಾರ ಅತ್ತಿಗೆಯನ್ನು ಗುರುತು ಹಿಡಿದು ಎದೆಯ ಮೇಲೆ ಕೈಯಿಟ್ಟು ಬಗ್ಗಿ "ಯಾಂಗ್ ಆರಿಫ್" ಎಂದ. ನಮ್ಮಲ್ಲಿ ನ್ಯಾಯಾಧೀಶರನ್ನು ಮೈ ಲಾರ್ಡ್ ಎಂದಂತೆ ಇಲ್ಲಿ ಹಾಗೆ ಕರೆಯುತ್ತಾರೆ, ಬಲ್ಲವರು ಎಂದು ಅರ್ಥ.

ಕಲಾಪ ನಡೆಯುತ್ತಿದ್ದ ಕೋಣೆಯೊಂದಕ್ಕೆ ಹೋಗಿ ಸಾರ್ವಜನಿಕರ ಜಾಗದಲ್ಲಿ ಕೂತೆವು. ಅತ್ತಿಗೆ ಕೊನೆಯ ಬೆಂಚನ್ನೇ ಕೇಳಿದರು. ಅತ್ತ ಕಡೆ ಯಾವ ನ್ಯಾಯಾಧೀಶರಿದ್ದಾರೆಂದು ಅವರಿಗೆ ಕಾಣುತ್ತಿರಲಿಲ್ಲ. ಸ್ವಲ್ಪ ಹೊತ್ತು ಕೂತು, "ಇಲ್ಲಿಂದ ಏನೂ ಕೇಳಿಸೋದೇ ಇಲ್ಲ ಅಲ್ವಾ?" ಎಂದು ಪಿಸುಗುಟ್ಟಿದರು. ನಿಜ. ಏಸಿಯ ಸದ್ದಿನಲ್ಲಿ ಮಾತು ಅರ್ಧಂಬರ್ಧ ಬರುತ್ತಿತ್ತು.

ಹೊರಗೆ ಬಂದು ಹಜಾರದ ಕುರ್ಚಿಗಳಲ್ಲಿ ಕೂತಾಗ ಲೆಚ್ಚುಮಿ ಎಂಬ ಹೆಂಗಸಿನ ವಿಷಯ ಹೇಳಿದರು.

ವರ್ಷಗಳ ಹಿಂದೆ ಇದೇ ಕೋರ್ಟಿನಲ್ಲಿ ಅವರ ಮುಂದೆ ಮುರಳಿ ಎಂಬ ವ್ಯಾನು ಚಾಲಕನ ವಿಚಾರಣೆ ನಡೆಯಿತು. ವ್ಯಾನಿನಲ್ಲಿ ಸಿಕ್ಕ ಚೀಲದಲ್ಲಿ ಮಾದಕ ವಸ್ತುವಿತ್ತು. ಸ್ನೇಹಿತನೊಬ್ಬ ಕೊಟ್ಟದ್ದು, ಒಳಗೇನಿದೆ ಗೊತ್ತಿಲ್ಲ ಎಂದು ಅವನು ಹೇಳಿದ. ಆದರೆ ಪೊಲೀಸರಿಗೆ ಮೊದಲು ಹೇಳಿದ ಕಥೆ ಬೇರೆಯಿತ್ತು. ಆಗಿನ ಕಾನೂನಿನಲ್ಲಿ ಇಷ್ಟು ತೂಕಕ್ಕಿಂತ ಹೆಚ್ಚು ಸಿಕ್ಕರೆ ಸಾಗಣೆದಾರನೆಂದೇ ಲೆಕ್ಕ, ಅಲ್ಲವೆಂದು ತೋರಿಸುವ ಹೊಣೆ ಆರೋಪಿಯದು. ತೋರಿಸಲಾಗದಿದ್ದರೆ ಗಲ್ಲು ಒಂದೇ ಶಿಕ್ಷೆ. ನ್ಯಾಯಾಧೀಶರಿಗೆ ಬೇರೆ ಆಯ್ಕೆಯಿಲ್ಲ.

ಸಾಯುವವರೆಗೆ ಕುತ್ತಿಗೆಗೆ ನೇಣು ಹಾಕಬೇಕೆಂದು ಅತ್ತಿಗೆ ಶಿಕ್ಷೆ ಓದಿದರು. ಆರೋಪಿಗೂ ಅವನ ತಾಯಿಗೂ ತಮಿಳು ಬಿಟ್ಟರೆ ಬೇರೆ ಭಾಷೆ ಸರಿಯಾಗಿ ಬರುತ್ತಿರಲಿಲ್ಲ. ಅತ್ತಿಗೆಗೆ ಅದು ಮಾತೃಭಾಷೆ. ಆದರೂ ಕೋರ್ಟಿನ ಕ್ರಮದಂತೆ ದುಭಾಷಿ ಎದ್ದು ನಿಂತು ಒಂದೊಂದೇ ಮಾತನ್ನು ತಮಿಳಿಗೆ ತಂದರು. ತಾನು ಓದಿದ್ದೇ ತನ್ನ ಅಮ್ಮನ ಭಾಷೆಯಲ್ಲಿ ವಾಪಸು ಬಂದು ಕಿವಿಗೆ ಬಿತ್ತು ಎಂದರು ಅತ್ತಿಗೆ.

"ಇಂಗ್ಲಿಷಿನಲ್ಲಿ ಅದು ಒಂದು ವಾಕ್ಯ ಸುಮಿ. ತಮಿಳಿನಲ್ಲಿ ಕುತ್ತಿಗೆ ಅಂದರೆ ಕುತ್ತಿಗೆ."

ಇಂಥ ಪ್ರತಿ ಶಿಕ್ಷೆಯ ನಂತರ ನ್ಯಾಯಾಧೀಶರು ಸರ್ಕಾರಕ್ಕೆ ಒಂದು ವರದಿ ಕಳಿಸಬೇಕು, ಗಲ್ಲಿಗೇರಿಸಬೇಕೇ ಬೇಡವೇ ಎಂದು ಅದರಲ್ಲಿ ತಮ್ಮ ಅಭಿಪ್ರಾಯ ಬರೆಯಬಹುದು. ಕ್ಷಮಾದಾನ ಕೊಡುವವರು ಅದನ್ನು ನೋಡುತ್ತಾರೆ. ಮುರಳಿಯನ್ನು ಗಲ್ಲಿಗೇರಿಸಬಾರದು ಎಂದು ಅತ್ತಿಗೆ ಬರೆದರು. ಅದಕ್ಕೆ ಉತ್ತರ ಬರುವ ಪದ್ಧತಿಯಿಲ್ಲ, ಬರಲಿಲ್ಲ.

ತೀರ್ಪಿನ ಮೇಲೆ ಕೆಲವು ವಾರಗಳಾದ ನಂತರ ಮುರಳಿಯ ತಾಯಿ ಲೆಚ್ಚುಮಿ ಅತ್ತಿಗೆಯ ಕೋರ್ಟಿಗೆ ಬಂದು ಕೊನೆಯ ಬೆಂಚಿನಲ್ಲಿ ಕೂತರು. ಆಮೇಲೆ ಮತ್ತೆ ಬಂದರು. ತಿಂಗಳಿಗೊಮ್ಮೆ, ಕೆಲವೊಮ್ಮೆ ವಾರಕ್ಕೊಮ್ಮೆ. ಅವರಿಗೆ ಸಂಬಂಧವೇ ಇಲ್ಲದ ಮೊಕದ್ದಮೆಗಳು ನಡೆಯುತ್ತಿದ್ದವು. ಬೆಳಿಗ್ಗೆ ಬಂದು, ಮಧ್ಯಾಹ್ನ ಎಲ್ಲರೂ ಎದ್ದು ನಿಂತಾಗ ತಾವೂ ಎದ್ದು ನಿಂತು, ಹೊರಟುಹೋಗುತ್ತಿದ್ದರು. ಗಲಾಟೆಯಿಲ್ಲ, ಅಳುವಿಲ್ಲ. ಕೋರ್ಟು ಎಲ್ಲರಿಗೂ ತೆರೆದ ಜಾಗ, ಹೋಗು ಎನ್ನುವಂತಿಲ್ಲ. ಶಿಕ್ಷೆಗೊಳಗಾದವನ ತಾಯಿಯನ್ನು ನ್ಯಾಯಾಧೀಶರು ಮಾತಾಡಿಸುವಂತೆಯೂ ಇಲ್ಲ. ಆಕೆ ತನ್ನನ್ನು ನೋಡಲು ಬರುತ್ತಿದ್ದಾಳೆ, ನೀನು ಮಾಡಿದ್ದನ್ನು ನಾನು ಮರೆತಿಲ್ಲ ಎಂದು ಹೇಳಲು ಬರುತ್ತಿದ್ದಾಳೆ ಎಂದು ಅತ್ತಿಗೆ ತಿಳಿದುಕೊಂಡರು. ಬೆಳಿಗ್ಗೆ ಪೀಠ ಹತ್ತುವಾಗ ಮೊದಲು ನೋಡುತ್ತಿದ್ದುದು ಕೊನೆಯ ಬೆಂಚನ್ನು. ಅಣ್ಣನಿಗೆ ಮಾತ್ರ ಹೇಳಿದ್ದರಂತೆ. ಅಣ್ಣ ಒಂದು ರಜೆ ಹಾಕು ಎಂದಿದ್ದನಂತೆ.

ಆಮೇಲೆ ಅತ್ತಿಗೆಯನ್ನು ಸಬಾಗೆ ವರ್ಗ ಮಾಡಿದರು. ಅಲ್ಲಿದ್ದಾಗ ಮುರಳಿಯನ್ನು ಗಲ್ಲಿಗೇರಿಸಿದ ಸುದ್ದಿ ಬಂತು. ಇನ್ನೂ ಕೆಲವು ವರ್ಷಗಳಾದ ಮೇಲೆ ಕಾನೂನೇ ಬದಲಾಯಿತು. ಗಲ್ಲು ಈಗ ಕಡ್ಡಾಯವಲ್ಲ, ಜೈಲಿನಲ್ಲಿ ಕಾಯುತ್ತಿದ್ದವರಲ್ಲಿ ಎಷ್ಟೋ ಮಂದಿಯ ಶಿಕ್ಷೆ ಜೈಲುವಾಸಕ್ಕೆ ಇಳಿಯಿತು. ಟಿವಿಯಲ್ಲಿ ಆ ಸುದ್ದಿ ಬಂದ ದಿನ ಅತ್ತಿಗೆ ಎದ್ದು ಹೋಗಿ ಮಲಗಿಕೊಂಡರಂತೆ. ಆಗ ಅಣ್ಣ ಇನ್ನೂ ಇದ್ದ, ಬಾಗಿಲು ಎಳೆದು ಹೊರಗೆ ಕೂತಿದ್ದನಂತೆ.

ಅಂದು ಅತ್ತಿಗೆ ಶಾ ಆಲಂಗೆ ಬಂದದ್ದು ನನಗೆ ಕೋರ್ಟು ತೋರಿಸಲು ಮಾತ್ರವಲ್ಲ. ಆ ದುಭಾಷಿ ಈಗಲೂ ಅಲ್ಲೇ ಕೆಲಸದಲ್ಲಿದ್ದರು, ತಲೆ ಪೂರ್ತಿ ಬೆಳ್ಳಗಾಗಿತ್ತು. ಲೆಚ್ಚುಮಿ ಎಲ್ಲಿದ್ದಾರೆಂದು ವಿಚಾರಿಸಲು ಅತ್ತಿಗೆ ಅವರಿಗೆ ಮೊದಲೇ ಹೇಳಿದ್ದರಂತೆ. ಊಟದ ಬಿಡುವಿನಲ್ಲಿ ಬಂದು ನಮ್ಮ ಪಕ್ಕ ನಿಂತರು. ಕೂರಿ ಎಂದರೂ ಕೂರಲಿಲ್ಲ. ಲೆಚ್ಚುಮಿ ಈಗ ನಿಲಾಯ್‌ನಲ್ಲಿ ಮಗಳ ಜೊತೆ ಇದ್ದಾರೆ, ಮಗಳಿಗೆ ವಿಶ್ವವಿದ್ಯಾಲಯದ ಹತ್ತಿರ ಹಾಸ್ಟೆಲಿನಲ್ಲಿ ಅಡುಗೆ ಕೆಲಸ, ನಾನೇ ಕೇಳಿ ನೋಡಿದೆ, ಬರುವುದಾದರೆ ಬರಲಿ ಎಂದಿದ್ದಾರೆ ಎಂದರು.

ಪೆಟಾಲಿಂಗ್ ಜಯಾ

ಭಾನುವಾರ ನಿತ್ಯಾಳ ಮನೆಯಲ್ಲಿ ಊಟ. ಪೆಟಾಲಿಂಗ್ ಜಯಾ ಎಂಬ ಈ ಊರು ರಾಜಧಾನಿಗೆ ಅಂಟಿಕೊಂಡೇ ಬೆಳೆದಿದೆ. ಎಲ್ಲಿ ಒಂದು ಮುಗಿಯಿತು, ಎಲ್ಲಿ ಇನ್ನೊಂದು ಶುರುವಾಯಿತು ಎಂದು ನನಗೆ ಗೊತ್ತಾಗಲಿಲ್ಲ. ಅವಳ ಅಪಾರ್ಟ್‌ಮೆಂಟಿನಲ್ಲಿ ಬೆಂಗಳೂರಿನ, ಮೈಸೂರಿನ ಎಷ್ಟೋ ಮನೆಗಳಿವೆ. ಲಿಫ್ಟಿನಲ್ಲಿ ಒಬ್ಬರು ಭಟ್ಕಳದವರು ಸಿಕ್ಕಿ ನನ್ನ ಕನ್ನಡ ಕೇಳಿ ತಾವಾಗಿ ಮಾತಾಡಿಸಿದರು. ನಿತ್ಯಾಳ ಮಗಳು ತಾರಾ ನಾನು ಕನ್ನಡದಲ್ಲಿ ಹೇಳಿದ್ದೆಲ್ಲ ತಿಳಿದುಕೊಳ್ಳುತ್ತಾಳೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಅನ್ನ ಹಾಕಲಾ ಎಂದರೆ "ಕ್ಯಾನ್ ಲಾ, ಅಜ್ಜಿ" ಎನ್ನುತ್ತಾಳೆ, ಆಗಬಹುದು ಎನ್ನಲು ಇಲ್ಲಿಯ ಇಂಗ್ಲಿಷು.

ಊಟದ ನಡುವೆ ಅತ್ತಿಗೆ ನಿಲಾಯ್ ವಿಷಯ ತೆಗೆದರು. ನಿತ್ಯಾ ಸೌಟನ್ನು ಪಾತ್ರೆಯಲ್ಲಿ ಬಿಟ್ಟಳು. ಅವಳು ಹೇಳಿದ್ದರಲ್ಲಿ ತಪ್ಪಿತ್ತೆಂದು ನನಗನ್ನಿಸಲಿಲ್ಲ. ನೀನು ನಿನ್ನ ಕೆಲಸ ಮಾಡಿದೆ, ಕಾನೂನು ಬರೆದವಳು ನೀನಲ್ಲ ಎಂದಳು. ಆ ತಾಯಿ ಹೇಗೋ ಬದುಕಿಕೊಂಡಿದ್ದಾರೆ, ಹೋಗಿ ಗಾಯ ಕೆರೆಯುವುದು ಯಾಕೆ ಎಂದಳು. ನಾನು ಚಿಕ್ಕವಳಿದ್ದಾಗ ನನ್ನ ಹುಟ್ಟುಹಬ್ಬಗಳಿಗೆ ನೀನು ಯಾವ ಊರಿನಲ್ಲಿದ್ದೆ, ಅದರ ಬಗ್ಗೆ ಮಾತಾಡಲು ನೀನು ಯಾವತ್ತೂ ಬಂದಿಲ್ಲ ಎಂದೂ ಹೇಳಿದಳು. ಹೇಳಿದ ಮೇಲೆ ಅವಳಿಗೇ ಅತಿಯಾಯಿತು ಅನ್ನಿಸಿರಬೇಕು. ಎದ್ದು ಅಡುಗೆಮನೆಗೆ ಹೋದಳು.

ಅತ್ತಿಗೆ ತಟ್ಟೆಯಲ್ಲಿ ಅನ್ನ ಎಲ್ಲಿದೆಯೆಂದು ಬೆರಳಿನಿಂದ ಹುಡುಕುತ್ತಿದ್ದರು. ನಾನು ತಟ್ಟೆ ತಿರುಗಿಸಿಕೊಟ್ಟೆ.

ವಾಪಸು ಬರುವಾಗ ನಿತ್ಯಾ ನನ್ನ ಕೈ ಹಿಡಿದು, "ಅತ್ತೆ, ಹೋಗೋದೇ ಆದ್ರೆ ನೀವು ಜೊತೆಗಿರಿ. ಒಬ್ಬಳನ್ನೇ ಕಳಿಸಬೇಡಿ. ನಾನು ಡ್ರೈವ್ ಮಾಡಿ ಕರ್ಕೊಂಡು ಹೋಗಲ್ಲ, ನನ್ನ ಕೈಲಿ ಆಗಲ್ಲ," ಎಂದಳು. ಕಣ್ಣು ಕೆಂಪಾಗಿತ್ತು.

ನಿಲಾಯ್

ಬಾಂಗ್ಸಾರ್‌ನಿಂದ ಎಲ್‌ಆರ್‌ಟಿ ಎಂಬ ನಗರದ ಮೆಟ್ರೋದಲ್ಲಿ ದೊಡ್ಡ ನಿಲ್ದಾಣಕ್ಕೆ ಹೋಗಿ, ಅಲ್ಲಿಂದ ನಿಲಾಯ್‌ಗೆ ಕಮ್ಯೂಟರ್ ರೈಲು. ಗೇಟಿನಲ್ಲಿ ಕಾರ್ಡನ್ನು ತಪ್ಪು ಬದಿಯಲ್ಲಿ ಒತ್ತಿ ನಾನು ಒಳಗೆ, ಅತ್ತಿಗೆ ಹೊರಗೆ ಆದೆವು. ಸಮವಸ್ತ್ರದವನೊಬ್ಬ ಬಂದು ಬಿಡಿಸಿದ. ರೈಲಿನಲ್ಲಿ ಹೆಂಗಸರಿಗೆಂದೇ ಒಂದು ಡಬ್ಬಿಯಿದೆ. ಅಲ್ಲಿ ಕೂತವರು ಯಾರೂ ಯಾರನ್ನೂ ನೋಡುವುದಿಲ್ಲ, ಎಲ್ಲರ ಕಣ್ಣೂ ಫೋನಿನಲ್ಲಿ. ನಮ್ಮ ರೈಲಾಗಿದ್ದರೆ ಇಷ್ಟು ಹೊತ್ತಿಗೆ ಯಾರಾದರೂ ನಮ್ಮ ಊರು, ಮಕ್ಕಳು, ಕಣ್ಣಿನ ಕಾಯಿಲೆ ಎಲ್ಲ ವಿಚಾರಿಸಿ ಒಂದು ಔಷಧಿಯನ್ನೂ ಹೇಳಿರುತ್ತಿದ್ದರು. ಕಿಟಕಿಯಾಚೆ ಎಣ್ಣೆತಾಳೆ ಮರಗಳು, ಅರ್ಧ ಕಟ್ಟಿ ನಿಂತ ಕಟ್ಟಡಗಳು, ಮತ್ತೆ ಎಣ್ಣೆತಾಳೆ. ಮೋಡ ಕವಿದಿತ್ತು.

ನೀವು ಬರೆದ ವರದಿಯ ವಿಷಯ ಅವರಿಗೆ ಹೇಳಿಬಿಡಿ ಅತ್ತಿಗೆ, ಬೇಡವೆಂದು ಬರೆದಿದ್ದೆ ಎಂದು ಗೊತ್ತಾದರೆ ಅವರಿಗೂ ಸಮಾಧಾನವಾಗಬಹುದು ಎಂದೆ.

"ಅದನ್ನ ಹೇಳಿದರೆ ನನ್ನ ಪರವಾಗಿ ನಾನೇ ವಾದ ಮಾಡಿದ ಹಾಗೆ. ನಾನು ಅದಕ್ಕೆ ಹೋಗ್ತಾ ಇಲ್ಲ," ಎಂದರು. ಸ್ವಲ್ಪ ಹೊತ್ತಿನ ಮೇಲೆ, "ನೀನೂ ಹೇಳಬಾರದು. ಇನ್ನೊಂದು. ಅವರ ಮುಖ ನನಗೆ ಕಾಣಲ್ಲ. ನೀನು ನೋಡ್ತಾ ಇರು."

ನಿಲ್ದಾಣದಿಂದ ಟ್ಯಾಕ್ಸಿ. ಲೆಚ್ಚುಮಿಯವರ ಫ್ಲ್ಯಾಟು ನಾಲ್ಕನೇ ಮಹಡಿಯಲ್ಲಿ, ಲಿಫ್ಟಿಲ್ಲ. ಹಜಾರದ ಕಂಬಿಗಳ ಮೇಲೆ ಎಲ್ಲರ ಬಟ್ಟೆ ಒಣಗುತ್ತಿತ್ತು. ಅತ್ತಿಗೆ ನನ್ನ ಹೆಗಲು ಹಿಡಿದು ಹತ್ತಿದರು. ಬಾಗಿಲು ತೆಗೆದವರು ಸಣ್ಣ ದೇಹದ, ಕೂದಲು ಎಣ್ಣೆ ಹಾಕಿ ಬಾಚಿದ ಮುದುಕಿ. ಉಟ್ಟಿದ್ದು ಸೀರೆಯಲ್ಲ, ಇಲ್ಲಿಯವರು ಮನೆಯಲ್ಲಿ ಉಡುವ ಹೂವಿನ ಉದ್ದನೆಯ ಹತ್ತಿ ಬಟ್ಟೆ. ಅತ್ತಿಗೆಯನ್ನು ನೋಡಿ ಕೈ ಮುಗಿದು "ಯಾಂಗ್ ಆರಿಫ್, ಉಳ್ಳೇ ವಾಂಗ" ಎಂದರು. ಒಳಗೆ ಬನ್ನಿ ಎಂದು.

ಅವರು ತಮಿಳಿನಲ್ಲಿ ಆಡಿದ್ದನ್ನು ಇಲ್ಲಿ ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ.

ಮುರಳಿಯ ಫೋಟೋ ಗೋಡೆಯ ಮೇಲಿತ್ತು. ಮಾಲೆಯಿಲ್ಲ, ಕುಂಕುಮವಿಲ್ಲ. ಗುಂಗುರು ಕೂದಲಿನ, ಕಿವಿ ಸ್ವಲ್ಪ ಅಗಲವಾದ ಗಂಡಸು. ಅತ್ತಿಗೆಗೆ ಅದು ಕಾಣುತ್ತಿರಲಿಲ್ಲ, ನಾನೂ ಹೇಳಲಿಲ್ಲ. ಲೆಚ್ಚುಮಿ ಮೈಲೋ ಎಂಬ ಚಾಕೊಲೇಟ್ ಪುಡಿಯನ್ನು ಬಿಸಿನೀರಿಗೆ ಕಲಸಿ ತಂದರು. ಕಣ್ಣು ಹೇಗಾಯಿತು ಎಂದು ಕೇಳಿದರು, ನನ್ನ ಊರು ಕೇಳಿದರು. ಆಮೇಲೆ ಪಕ್ಕದ ಮನೆಯ ಟಿವಿಯಷ್ಟೇ ಕೇಳುತ್ತಿತ್ತು.

ಅತ್ತಿಗೆಯೇ ಶುರು ಮಾಡಿದರು. ನೀವು ಅಷ್ಟು ದಿನ ನನ್ನ ಕೋರ್ಟಿಗೆ ಬಂದಿರಿ. ನಾನು ಮಾತಾಡಿಸಲಿಲ್ಲ. ಯಾಕೆ ಬರುತ್ತಿದ್ದಿರಿ ಎಂದು ಕೇಳಲು ಬಂದಿದ್ದೇನೆ ಎಂದರು.

ಲೆಚ್ಚುಮಿ ಆಶ್ಚರ್ಯದಿಂದ ನನ್ನ ಮುಖ ನೋಡಿದರು, ಇಷ್ಟೂ ಗೊತ್ತಿಲ್ಲವೇ ಎನ್ನುವಂತೆ.

"ಅವನ ಹೆಸರು ಕೂಗ್ತಾರೆ ಅಂತ."

ಅತ್ತಿಗೆಗೆ ಅರ್ಥವಾಗಲಿಲ್ಲ. ನನಗೂ ಆಗಲಿಲ್ಲ. ಲೆಚ್ಚುಮಿ ಬಿಡಿಸಿ ಹೇಳಿದರು. ತೀರ್ಪಿನ ನಂತರ ಜೈಲಿಗೆ ಮಗನನ್ನು ನೋಡಲು ಹೋದಾಗ, ಕೇಸು ಮುಗಿದಿಲ್ಲ ಅಮ್ಮ, ಅದೇ ಜಡ್ಜ್ ಅಮ್ಮ ಮತ್ತೆ ಕೇಳುತ್ತಾರೆ, ಯಾವ ದಿನ ಅಂತ ಗೊತ್ತಿಲ್ಲ, ನೀನು ಹೋಗಿ ಕೂತಿರು, ಹೆಸರು ಕೂಗಿದಾಗ ನಮ್ಮವರು ಯಾರಾದರೂ ಇರಬೇಕು ಎಂದನಂತೆ. ಮಗ ಹೇಳಿದ ಮೇಲೆ ಇವರು ನಂಬಿದರು. ಕಾರ್ಖಾನೆಯಲ್ಲಿ ರಜೆ ಸಿಕ್ಕಾಗಲೆಲ್ಲ ಬಸ್ಸು ಹಿಡಿದು ಬಂದರು. ಎಲ್ಲ ಹೆಸರುಗಳನ್ನೂ ಗಮನವಿಟ್ಟು ಕೇಳಿದರು. ಮಲಯ್ ಭಾಷೆಯಲ್ಲಿ ಏನು ನಡೆಯುತ್ತಿದೆ ತಿಳಿಯದಿದ್ದರೂ ಹೆಸರು ಹೆಸರೇ ಅಲ್ಲವೇ ಎಂದರು. ಅಪೀಲು ಬೇರೆ ಊರಿನ ಬೇರೆ ಕೋರ್ಟಿನಲ್ಲಿ ನಡೆದು ವಜಾ ಆದ ಸಂಗತಿ ಮಗಳಿಂದ ಗೊತ್ತಾದದ್ದು ಎಷ್ಟೋ ತಿಂಗಳ ಮೇಲೆ. ಮಗ ಬೇಕೆಂದೇ ಹೇಳಿರಲಿಲ್ಲ. ಅಮ್ಮನಿಗೆ ಎಲ್ಲಿಗಾದರೂ ಹೋಗಲು ಒಂದು ಜಾಗವಿರಲಿ ಎಂದು ಹಾಗೆ ಹೇಳಿದನೋ ಏನೋ ಎಂದರು.

ಅತ್ತಿಗೆ ಎರಡೂ ಕೈಗಳನ್ನು ಮಡಿಲಿನಲ್ಲಿ ಒತ್ತಿಕೊಂಡಿದ್ದರು.

"ಒಂದು ಸಲ ಯಾರ ಕೈಲಾದರೂ ಕೇಳಿಸಿದ್ದರೆ ಹೇಳ್ತಿದ್ದೆ," ಎಂದರು ಲೆಚ್ಚುಮಿ. ಅವರ ದನಿಯಲ್ಲಿ ಸಿಟ್ಟಿರಲಿಲ್ಲ. "ಯಾರನ್ನಾದರೂ ಕಳಿಸಿ ಕೇಳೋಕೆ ನಿಮಗೆ ಆಗ್ತಿರಲಿಲ್ವಾ?"

ನಿಯಮವಿದೆ, ನ್ಯಾಯಾಧೀಶರು ಮಾತಾಡುವಂತಿಲ್ಲ ಎಂದು ಅತ್ತಿಗೆ ಹೇಳುತ್ತಾರೆಂದು ನಾನು ಕಾದೆ. ಶಾ ಆಲಂನಲ್ಲಿ ನನಗೆ ಹೇಳಿದ್ದು ಅದನ್ನೇ.

"ಆಗ್ತಿತ್ತು," ಎಂದರು ಅತ್ತಿಗೆ. "ದುಭಾಷಿಯನ್ನು ಕಳಿಸಬಹುದಿತ್ತು. ನನಗೆ ಭಯ ಇತ್ತು. ಕಳಿಸಲಿಲ್ಲ."

ಲೆಚ್ಚುಮಿ ತಲೆಯಾಡಿಸಿದರು. ಎದ್ದು ಹೋಗಿ ಫ್ಯಾನಿನ ವೇಗ ಹೆಚ್ಚಿಸಿ ಬಂದರು. ಬಂದವರು ಕೂರದೆ ಕುರ್ಚಿಯ ಬೆನ್ನು ಹಿಡಿದು ನಿಂತರು.

"ನಾನೂ ಒಂದು ಕೇಳ್ತೀನಿ. ಚೀಲದಲ್ಲಿ ಏನಿದೆ ಗೊತ್ತಿಲ್ಲ ಅಂದನಲ್ಲ ಅವನು. ನೀವು ನಂಬಿದ್ರಾ?"

ನಂಬಿದ್ದೆ, ಆದರೆ ಕಾನೂನು ಕೈ ಕಟ್ಟಿತ್ತು ಎಂದು ಒಂದು ಸುಳ್ಳು ಹೇಳಿದರೆ ಯಾರಿಗೆ ಏನು ನಷ್ಟ? ವರದಿಯ ಮಾತು ನನ್ನ ನಾಲಗೆಯ ತುದಿಗೆ ಬಂದಿತ್ತು. ಅತ್ತಿಗೆಯ ಕೈ ನನ್ನ ಮೊಣಕೈ ಮೇಲೆ ಬಿತ್ತು.

"ಇಲ್ಲ ಅಮ್ಮ," ಎಂದರು. "ನಂಬಲಿಲ್ಲ."

ಲೆಚ್ಚುಮಿ ನಿಧಾನವಾಗಿ ಕುರ್ಚಿಗೆ ಬಂದು ಕೂತರು.

"ನಾನೂ ನಂಬಲಿಲ್ಲ," ಎಂದರು. "ಅವನು ಹುಟ್ಟಿದಾಗಿಂದ ನೋಡಿದೀನಿ, ಸುಳ್ಳು ಹೇಳಿದರೆ ನನಗೆ ಗೊತ್ತಾಗಲ್ವಾ. ನಂಬ್ತೀನಿ ಮಗ ಅಂತ ಹೇಳ್ತಾನೇ ಇದ್ದೆ. ಕೊನೆ ದಿನವೂ ಹೇಳಿದೆ. ಈ ಮಾತನ್ನ ಇವತ್ತಿನವರೆಗೂ ಯಾರ ಹತ್ತಿರವೂ ಆಡಿಲ್ಲ. ಮಗಳ ಹತ್ತಿರವೂ."

ಅತ್ತಿಗೆ ಕೈ ಚಾಚಿದರು. ಎಲ್ಲಿಗೆ ಚಾಚಬೇಕೆಂದು ಅವರಿಗೆ ಸರಿಯಾಗಿ ಕಾಣುತ್ತಿರಲಿಲ್ಲ, ಕೈ ಮೇಜಿನ ಅಂಚಿಗೆ ತಾಕಿತು. ಲೆಚ್ಚುಮಿ ಆ ಕೈಯನ್ನು ನೋಡಿದರು. ಹಿಡಿದುಕೊಳ್ಳಲಿಲ್ಲ.

ಮಗಳು ಬರುವ ಹೊತ್ತಾಯಿತು, ಅವಳಿಗೆ ನೀವು ಬರುವುದು ಇಷ್ಟವಿರಲಿಲ್ಲ, ಇನ್ನು ಹೊರಡಿ ಎಂದರು. ಬಾಗಿಲವರೆಗೆ ಬಂದರು. ಮೆಟ್ಟಿಲು ಕತ್ತಲೆ, ನೋಡಿ ಕರೆದುಕೊಂಡು ಹೋಗು ಎಂದು ನನಗೆ ಹೇಳಿದರು.

ರೈಲಿಗೆ ಕಾಯುವಾಗ ಮಳೆ ಸುರಿಯಿತು. ಪ್ಲಾಟ್‌ಫಾರಂ ತುಂಬ ವಿಶ್ವವಿದ್ಯಾಲಯದ ಹುಡುಗಿಯರು, ಯಾವ ಯಾವ ದೇಶದವರೋ, ಒದ್ದೆ ಚೀಲಗಳನ್ನು ತಬ್ಬಿಕೊಂಡು ನಿಂತಿದ್ದರು. ಅತ್ತಿಗೆ ಬೆಂಚಿನಲ್ಲಿ ಕೂತು, "ಮುಖ ಹೇಗಿತ್ತು?" ಎಂದು ಕೇಳಿದರು.

ನೀವು ಇಲ್ಲ ಎಂದಾಗ ಕಣ್ಣು ಮುಚ್ಚಿಕೊಂಡರು, ತಾವು ನಂಬಿರಲಿಲ್ಲ ಎಂದು ಹೇಳುವಾಗ ಫೋಟೋದ ಕಡೆ ಬೆನ್ನು ಮಾಡಿ ಕೂತರು ಎಂದು ಕಂಡದ್ದನ್ನು ಕಂಡ ಹಾಗೆ ಹೇಳಿದೆ. ಅತ್ತಿಗೆ ಇನ್ನೊಂದು ಸಲ ಹೇಳು ಎಂದರು. ಮತ್ತೆ ಹೇಳಿದೆ.

ಫೋಟೋ ಇತ್ತಾ ಎಂದು ಕೇಳಿದರು. ಇತ್ತು ಎಂದೆ. ಅಲ್ಲೇ, ಅಷ್ಟೂ ಜನರ ನಡುವೆ, ಅವರು ಅತ್ತರು. ಅಣ್ಣ ಹೋದಾಗಲೂ ಅಮ್ಮ ಅಳಲಿಲ್ಲ ಎಂದು ನಿತ್ಯಾ ಹೇಳಿದ್ದಳು. ನಾನು ಅವರ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸುತ್ತಾ ಕೂತೆ, ಬೇರೆ ಏನು ಮಾಡಬೇಕೆಂದು ತೋಚಲಿಲ್ಲ.

ಬಂಗಾರಪೇಟೆ

ನಾನು ಊರಿಗೆ ಬಂದು ಸುಮಾರು ದಿನವಾಯಿತು. ಇಲ್ಲಿ ನೆಂಟರು ಮಲೇಷ್ಯಾದ ಜೋಡಿ ಗೋಪುರ ನೋಡಿದಿರಾ, ಮುರುಗನ ದೊಡ್ಡ ವಿಗ್ರಹ ನೋಡಿದಿರಾ ಎಂದು ಕೇಳುತ್ತಾರೆ. ಎರಡನ್ನೂ ಟ್ಯಾಕ್ಸಿಯ ಕಿಟಕಿಯಿಂದ ನೋಡಿದೆ ಎನ್ನುತ್ತೇನೆ. ಅವರಿಗೆ ನಿರಾಶೆಯಾಗುತ್ತದೆ.

ಅತ್ತಿಗೆ ವಾರಕ್ಕೊಮ್ಮೆ ಫೋನು ಮಾಡುತ್ತಾರೆ. ಆಮೇಲೆ ಅವರು ನಿಲಾಯ್‌ಗೆ ಕೆಲವು ಸಲ ಹೋಗಿಬಂದರು. ಈಗ ನಿತ್ಯಾ ಕಾರಿನಲ್ಲಿ ಕರೆದುಕೊಂಡು ಹೋಗುತ್ತಾಳೆ. ಮೇಲೆ ಹತ್ತುವುದಿಲ್ಲ, ಕೆಳಗೆ ಕಾರಿನಲ್ಲೇ ಕೂತಿರುತ್ತಾಳಂತೆ. ಕೆಲವು ದಿನ ಲೆಚ್ಚುಮಿ ಬಾಗಿಲು ತೆಗೆದು ಕೂರಿಸಿ, ಹೆಚ್ಚು ಮಾತಿಲ್ಲದೆ ಏನಾದರೂ ಕುಡಿಯಲು ಕೊಟ್ಟು ಕಳಿಸುತ್ತಾರೆ. ವರದಿಯ ವಿಷಯ ಅತ್ತಿಗೆ ಇನ್ನೂ ಹೇಳಿಲ್ಲ. ಹೇಳುವುದಿಲ್ಲವೆಂದೇ ನನಗೆ ಕಾಣುತ್ತದೆ.

ಹೋದ ವಾರ ಬಾಗಿಲು ತೆಗೆಯಲಿಲ್ಲವಂತೆ. ಒಳಗೆ ಫ್ಯಾನು ತಿರುಗುವ ಸದ್ದು ಕೇಳುತ್ತಿತ್ತು, ಯಾರೋ ಪಾತ್ರೆ ಎತ್ತಿಟ್ಟದ್ದೂ ಕೇಳಿತು. ಅತ್ತಿಗೆ ಸ್ವಲ್ಪ ಹೊತ್ತು ನಿಂತು ಇಳಿದು ಬಂದರಂತೆ. ನನಗೆ ಬೇಜಾರಾಯಿತು. ನಾಲ್ಕು ಮಹಡಿ ಹತ್ತಿಸಿ ಹಾಗೆ ಮಾಡಬಾರದಿತ್ತು ಎಂದೆ.

"ತೆಗೆಯದೇ ಇರೋದು ಅವರ ಹಕ್ಕು ಸುಮಿ," ಎಂದರು ಅತ್ತಿಗೆ. "ಮುಂದಿನ ವಾರ ಮತ್ತೆ ಹೋಗ್ತೀನಿ."